ಎರಡು ಬೀಗದಕೈಗಳ ತೂಕ

ಕೇಳಿದ್ದಕ್ಕೆಲ್ಲ "ಆಗಲಿ" ಅನ್ನುವ ಮನುಷ್ಯನನ್ನು ನಂಬಬಾರದು ಎಂದು ಅವಳಿಗೆ ಯಾರೂ ಹೇಳಿಕೊಟ್ಟಿರಲಿಲ್ಲ, ಇಪ್ಪತ್ತೆರಡು ವರ್ಷದ ನೌಕರಿ ಹೇಳಿಕೊಟ್ಟಿತ್ತು. ಅವಳು ತೂಕ ಮತ್ತು ಅಳತೆ ಇಲಾಖೆಯ ಇನ್ಸ್‌ಪೆಕ್ಟರ್. ಪೇಟೆಯ ಅಂಗಡಿಯವರು ಬೆನ್ನ ಹಿಂದೆ ಅವಳನ್ನು ತೂಕದಮ್ಮ ಅನ್ನುತ್ತಿದ್ದರು. ಮೈಯಲ್ಲಿ ತೂಕವೇನೂ ಇರಲಿಲ್ಲ, ಜೋರಾಗಿ ಗಾಳಿ ಬೀಸಿದರೆ ಹಾರಿಹೋಗುವ ಹಾಗಿದ್ದಳು. ಆದರೆ ಅವಳು ಬೀದಿಯ ಆ ತುದಿಯಲ್ಲಿ ಕಾಣಿಸಿಕೊಂಡರೆ ಸಾಕು, ಈ ತುದಿಯ ತಕ್ಕಡಿಗಳೆಲ್ಲ ತಾವಾಗಿಯೇ ಸರಿಹೋಗುತ್ತಿದ್ದವು. ತಟ್ಟೆಯ ಅಡಿಗೆ ಅಂಟಿಸಿದ ಅಯಸ್ಕಾಂತ, ಹೊಟ್ಟೆ ಕೊರೆದು ಮೇಣ ತುಂಬಿದ ತೂಕದ ಬಟ್ಟು, ಒಳಗೆ ಇನ್ನೊಂದು ತಳವಿರುವ ಎಣ್ಣೆಯ ಅಳತೆ, ಹೀಗೆ ಅವಳು ನೋಡದ ಮೋಸವಿರಲಿಲ್ಲ. ಗೊಣಗುತ್ತ, ಬೈದುಕೊಳ್ಳುತ್ತ ತಕ್ಕಡಿ ತಂದಿಡುವವನು ಹೆಚ್ಚಾಗಿ ಪ್ರಾಮಾಣಿಕ. "ಬನ್ನಿ ಮೇಡಂ, ನೋಡಿ ಮೇಡಂ, ನಿಮ್ಮದೇ ಅಂಗಡಿ" ಎಂದು ಹಲ್ಲು ಕಿರಿಯುವವನ ತಕ್ಕಡಿಯನ್ನು ಬುಡಮೇಲು ಮಾಡಿ ನೋಡಬೇಕು.

ಈಗ ಅವಳ ಗಂಡ ಎಲ್ಲದಕ್ಕೂ ಆಗಲಿ ಅನ್ನುತ್ತಿದ್ದ.

ಅವರಿಬ್ಬರೂ ಕೂತಿದ್ದದ್ದು ಕುಟುಂಬ ನ್ಯಾಯಾಲಯದ ಎರಡನೇ ಮಹಡಿಯ ಸಂಧಾನದ ಕೋಣೆಯಲ್ಲಿ. ಮೊಟ್ಟೆಯಾಕಾರದ ಮೇಜು, ಪ್ಲಾಸ್ಟಿಕ್ ಗಿಡ, ಕಣ್ಣೊರೆಸಿಕೊಳ್ಳಲು ಒಂದು ಡಬ್ಬಿ ಕಾಗದ. ಪರಸ್ಪರ ಒಪ್ಪಿಗೆಯ ವಿಚ್ಛೇದನ. ಕಳೆದ ಐದು ವರ್ಷದಲ್ಲಿ ಗಂಡ ಹೆಂಡತಿ ಒಪ್ಪಿಕೊಂಡ ಏಕೈಕ ಸಂಗತಿ ಅದು. ನ್ಯಾಯಾಧೀಶರ ಮುಂದೆ ಮೊದಲ ಹೇಳಿಕೆ ಕೊಟ್ಟಾಗಿತ್ತು, ಆರು ತಿಂಗಳಾದ ಮೇಲೆ ಎರಡನೆಯದು. ಅಷ್ಟರೊಳಗೆ ಯಾವುದು ಯಾರಿಗೆ ಎಂದು ತೀರ್ಮಾನಿಸಿ ಒಪ್ಪಂದಕ್ಕೆ ಸಹಿ ಹಾಕಬೇಕು. ನಡುವೆ ಇಬ್ಬರಲ್ಲಿ ಯಾರಾದರೂ ಒಬ್ಬರು ಒಪ್ಪಿಗೆ ವಾಪಸು ತೆಗೆದುಕೊಂಡರೆ ಎಲ್ಲ ಮೊದಲಿಂದ. ಆಗ ಅದು ಜಗಳದ ಮೊಕದ್ದಮೆ, ಸಾಕ್ಷಿ, ಪಾಟೀಸವಾಲು, ಮತ್ತು ಹದಿನೈದು ವರ್ಷದ ಮಗಳನ್ನು ಕರೆಸಿ "ನಿನಗೆ ಅಪ್ಪ ಬೇಕಾ, ಅಮ್ಮ ಬೇಕಾ" ಎಂದು ಕೇಳುವುದು.

ಮಗಳು ಇಡೀ ವ್ಯವಹಾರದಲ್ಲಿ ಕೇಳಿಕೊಂಡದ್ದು ಒಂದನ್ನೇ. "ನೀವಿಬ್ರೂ ಏನಾದ್ರೂ ಮಾಡ್ಕೊಳ್ಳಿ. ಗುರುತಿಲ್ಲದೋರ ಮುಂದೆ ನಿಲ್ಲಿಸಿ ಯಾರು ಬೇಕು ಅಂತ ಮಾತ್ರ ನನ್ನನ್ನ ಕೇಳಿಸ್ಬೇಡಿ." ಇಬ್ಬರೂ ಅವಳಿಗೆ ಮಾತು ಕೊಟ್ಟಿದ್ದರು.

ಸಂಧಾನಗಾರ್ತಿ ನಿವೃತ್ತ ಮುಖ್ಯೋಪಾಧ್ಯಾಯಿನಿ. ದಾರಕ್ಕೆ ಕಟ್ಟಿದ ಕನ್ನಡಕ, ಉದ್ದನೆಯ ನೋಟ್‌ಬುಕ್, ಚೂಪು ಮಾಡಿದ ಮೂರು ಪೆನ್ಸಿಲು. ಮೊದಲ ದಿನವೇ ಹೇಳಿಬಿಟ್ಟಿದ್ದಳು: "ನೀವು ಏನು ಹೇಳ್ತೀರೋ ಅದನ್ನೇ ಬರೀತೀನಿ, ನನಗೆ ಅರ್ಥ ಆಗಿದ್ದನ್ನಲ್ಲ. ಆಮೇಲೆ ನಾನು ಹಾಗಂದಿಲ್ಲ ಅಂತ ಇಬ್ರೂ ರಾಗ ತೆಗೀಬಾರದು."

ಅವತ್ತು ಗಂಡನ ಮೇಲೆ ಏನೇನು ದೂರಿದೆ ಎಂದು ಕೇಳಿದಾಗ ತೂಕದಮ್ಮ ಹನ್ನೊಂದು ಹೇಳಿದಳು. ಅವನು ಬೀಗ ರಿಪೇರಿಯವನು. ಹಾಸಿಗೆಯ ತುಂಬ ಹಿತ್ತಾಳೆ ಪುಡಿ. ಕೀ ಕಳೆದುಕೊಂಡ ಗಿರಾಕಿಗಳ ಮನೆಗೆ ಹೊತ್ತು ಗೊತ್ತಿಲ್ಲದೆ ಹೋಗುತ್ತಾನೆ, ಫೋನು ಎತ್ತುವುದಿಲ್ಲ. ಎಲ್ಲಿಗೆ ಹೋಗಿದ್ದೆ ಎಂದರೆ ಬೀದಿಯ ಹೆಸರು ಹೇಳುತ್ತಾನೆ, ಮನೆ ಯಾರದು ಎಂದರೆ ಸುಮ್ಮನಾಗುತ್ತಾನೆ. ಚೀಲದಲ್ಲಿ ಮನೆಯ ಕೀ ಇಟ್ಟುಕೊಂಡೂ ದಿನಾ ಬೆಲ್ ಹೊಡೆಯುತ್ತಾನೆ, ಅವಳು ಸೋಪಿನ ಕೈಯಲ್ಲೇ ಓಡಿಬರಬೇಕು. ಹೀಗೆ ಹನ್ನೊಂದು. ಸಂಧಾನಗಾರ್ತಿ ಒಂದಕ್ಷರ ಬಿಡದೆ ಬರೆದುಕೊಂಡಳು. ಅವನ ಸರದಿ ಬಂದಾಗ ಅವನು ಒಂದೇ ಮಾತು ಹೇಳಿದ.

"ಇವಳು ನನ್ನ ನಂಬಲ್ಲ."

ನಂಬಬೇಕಾದರೆ ನಂಬಿಕೆ ಬರುವ ಹಾಗೆ ಇರಬೇಕು ಎಂದು ಅವಳು ಅಂದಳು. ಅದನ್ನೂ ಸಂಧಾನಗಾರ್ತಿ ಬರೆದುಕೊಂಡಳು.

ಮೂರನೆಯ ಸಲ ಕೂತಾಗ ಪಟ್ಟಿ ಶುರುವಾಯಿತು. ಮನೆ ಅವಳಿಗೆ? ಆಗಲಿ. ಮಗಳು ವಾರವಿಡೀ ಅಮ್ಮನ ಹತ್ತಿರ, ಶನಿವಾರ ಸಂಜೆಯಿಂದ ಭಾನುವಾರ ಸಂಜೆವರೆಗೆ ಅಪ್ಪನ ಹತ್ತಿರ? ಆಗಲಿ. ಫ್ರಿಜ್ಜು, ಮಂಚ, ಕನ್ನಡಿ ಬೀರು? ಆಗಲಿ, ಆಗಲಿ. ಅವನು ಆಗಲೇ ನಾಲ್ಕು ತಿಂಗಳಿಂದ ಅಂಗಡಿಯ ಹಿಂದಿನ ಕೋಣೆಯಲ್ಲಿದ್ದ. ಒಂದೊಂದು ಆಗಲಿಗೂ ತೂಕದಮ್ಮನ ಸಂಶಯ ಒಂದೊಂದು ಮೆಟ್ಟಿಲು ಹತ್ತುತ್ತಿತ್ತು. ಹತ್ತೊಂಬತ್ತು ವರ್ಷ ಸಂಸಾರ ಮಾಡಿದವನು ಕನ್ನಡಿ ಬೀರುವನ್ನಾದರೂ ಕೇಳಬೇಡವೇ? ಒಂದು ಸಲವಾದರೂ ಮೇಜು ಗುದ್ದಬೇಡವೇ?

"ಇಷ್ಟೊತ್ತೂ ಕೊಟ್ಟಿದ್ದೇ ಆಯ್ತು," ಅಂದಳು ಸಂಧಾನಗಾರ್ತಿ. "ನಿಮಗೇನು ಬೇಕು ಹೇಳಿ."

"ಮುಂಬಾಗಿಲ ಬೀಗ," ಅಂದ ಅವನು.

ಪೆನ್ಸಿಲು ನಿಂತಿತು. "ಬೀಗವಾ?"

"ಹೂಂ. ಅದನ್ನ ಬಿಚ್ಕೊಂಡು ಹೋಗ್ತೀನಿ. ಅದರ ಜಾಗಕ್ಕೆ ಬೇರೆ ಹಾಕ್ಕೊಡ್ತೀನಿ."

ತೂಕದಮ್ಮನಿಗೆ ತಕ್ಷಣ ಎಲ್ಲ ಹೊಳೆಯಿತು. ಹೊಳೆಯಿತು ಎಂದು ಅವಳು ತಿಳಿದಳು. ಆ ಬೀಗ ಅವರ ಮದುವೆಯಾದ ವರ್ಷ ಅವನೇ ಕೈಯಾರೆ ಮಾಡಿದ್ದು. ಹಿತ್ತಾಳೆಯದು, ಒಳಗೆ ಕೀಯ ಹಲ್ಲು ತಾಗಿ ಮೇಲೇಳುವ ಏಳು ಪದರ. ಹೊರಗಿನಿಂದ ಇರಲಿ ಒಳಗಿನಿಂದ ಇರಲಿ, ಕೀ ಇಲ್ಲದೆ ತೆರೆಯದು. ಕೀಗಳು ಎರಡೇ, ಗಂಡನಿಗೊಂದು, ಹೆಂಡತಿಗೊಂದು. "ಈ ಊರಲ್ಲಿ ನನ್ನ ಕೈಲಿ ತೆಗೆಯಕ್ಕಾಗದ ಬೀಗ ಇದೊಂದೇ ನೋಡು" ಎಂದು ಅವತ್ತು ಎದೆಯುಬ್ಬಿಸಿಕೊಂಡು ಹೇಳಿದ್ದ. ಅಂಗಡಿಯಲ್ಲಿ ಸಿಗುವ ಬೇರೆ ಯಾವ ಬೀಗವನ್ನಾದರೂ ಅವನು ಒಂದು ತಂತಿ ಹಿಡಿದು, ಆಕಳಿಸುತ್ತ ತೆಗೆಯಬಲ್ಲ. ಹಾಗಾದರೆ ಮನೆ ಬೇಡ, ಮಂಚ ಬೇಡ, ತನ್ನಿಂದ ತೆಗೆಯಲಾಗದ ಆ ಒಂದು ಬೀಗ ಮಾತ್ರ ಬಾಗಿಲಿನಿಂದ ಹೋಗಬೇಕು! ಮನೆಯನ್ನು ಕೊಟ್ಟ ಹಾಗೂ ಆಯಿತು, ಕೊಡದ ಹಾಗೂ ಆಯಿತು.

"ಬೀಗ ಮನೆಯದು. ಮನೆ ಜೊತೆಗೇ ಇರುತ್ತೆ," ಅಂದಳು.

"ಇನ್ನೊಂದ್ಸಲ ಯೋಚ್ನೆ ಮಾಡು."

ಅವನು ಆಗಲಿ ಅನ್ನಲಿಲ್ಲ. ಅವಳಿಗೆ ಅಷ್ಟೇ ಸಾಕಾಗಿತ್ತು. "ಯೋಚ್ನೆ ಮಾಡೋದೇನಿಲ್ಲ. ಇವರ ಹತ್ರ ಇರೋ ಕೀನೂ ಇವತ್ತೇ ಕೊಟ್ಬಿಡ್ಲಿ," ಎಂದು ಸಂಧಾನಗಾರ್ತಿಯ ಕಡೆ ತಿರುಗಿ ಹೇಳಿದಳು. ಹಿಂದೆಲ್ಲ 'ರೀ' ಎಂದು ಕರೆಯುತ್ತಿದ್ದವಳು ಈ ಕೋಣೆಗೆ ಬಂದಂದಿನಿಂದ ಗಂಡನನ್ನು 'ಇವರು' ಮಾಡಿಬಿಟ್ಟಿದ್ದಳು.

ಅವನು ಸೊಂಟದ ಚರ್ಮದ ಚೀಲ ತೆಗೆದು, ಅದರ ಒಳಜೇಬಿನಿಂದ ಕೀ ಎಳೆದು ಮೇಜಿನ ಮೇಲಿಟ್ಟ. ಕೊಡುವಾಗ ಮುಖ ಸಣ್ಣದಾಯಿತು. ಅವಳು ಅದನ್ನೂ ಗಮನಿಸಿದಳು, ತನಗೆ ಬೇಕಾದ ಹಾಗೆ ಲೆಕ್ಕ ಹಾಕಿದಳು.

ಮಂಗಳವಾರ ತಪಾಸಣೆಯ ನೆಪ ಮಾಡಿಕೊಂಡು ಅವಳು ಅವನ ಅಂಗಡಿಯ ಬೀದಿಗೆ ಹೋದಳು. ಎದುರಿಗೆ ಒಂದು ಕಾಗದದ ಅಂಗಡಿ, ಅದರ ಗಾಜಿನ ಹಿಂದೆ ನಿಂತು ಕವರು ಆರಿಸುವವಳ ಹಾಗೆ ನೋಡುತ್ತ ನಿಂತಳು. ಮಾಲೀಕ ಪಾಪ ತನ್ನ ತಕ್ಕಡಿಯನ್ನು ಎರಡು ಸಲ ಒರೆಸಿಟ್ಟ. ಬೀಗದಂಗಡಿ ಅಂಗಡಿಯೇನಲ್ಲ, ಎರಡು ಗೋಡೆಗಳ ನಡುವಿನ ಸಂದು. ಹಲಗೆಯ ತುಂಬ ಕೊರೆಯದ ಕೀಗಳು ನೇತಾಡುತ್ತಿದ್ದವು, ಕೆಳಗೆ ಕೀ ಕೊರೆಯುವ ಮಿಷನ್ನು. ಆದರೆ ಅವನು ಮಿಷನ್ನು ಮುಟ್ಟಿರಲಿಲ್ಲ. ಇಕ್ಕಳದಲ್ಲಿ ಒಂದು ಕೀ ಕಚ್ಚಿಸಿ, ಅರ ಹಿಡಿದು ಕೈಯಲ್ಲೇ ಉಜ್ಜುತ್ತಿದ್ದ. ಉದ್ದ ಕಾಂಡದ ಹಿತ್ತಾಳೆ ಕೀ. ನಾಲ್ಕು ಸಲ ಉಜ್ಜುವುದು, ಬೆಳಕಿಗೆ ಹಿಡಿದು ನೋಡುವುದು, ಮತ್ತೆ ಉಜ್ಜುವುದು. ಈಗಿನ ಕಾಲದಲ್ಲಿ ಕೈಯಲ್ಲಿ ಕೀ ಮಾಡುವವರು ಯಾರು? ಅಂಥ ಉದ್ದ ಕಾಂಡದ ಕೀ ಇಡೀ ಊರಲ್ಲಿ ಯಾವ ಬಾಗಿಲಿಗಿದೆ?

ಅವಳ ಎದೆ ಡವಗುಟ್ಟಿತು. ಭಯದಿಂದಲ್ಲ, ನಿಜ ಹೇಳಬೇಕೆಂದರೆ ಖುಷಿಯಿಂದ. ಕಳ್ಳತಟ್ಟೆ ಸಿಕ್ಕಿದಾಗ ಆಗುತ್ತಿದ್ದ ಹಾಗೆಯೇ ಆಯಿತು.

ಆದರೆ ಅನುಮಾನವೇ ಸಾಕ್ಷಿಯಲ್ಲ, ಇಷ್ಟು ಅವಳಿಗೆ ಚೆನ್ನಾಗಿ ಗೊತ್ತು. ಮರುದಿನ ಕಚೇರಿಯ ನೆಲಮಾಳಿಗೆಗೆ ಇಳಿದಳು. ಅಲ್ಲಿ ಕಲ್ಲಿನ ಕಟ್ಟೆಯ ಮೇಲೆ ಗಾಜಿನ ಗೂಡಿನೊಳಗೆ ಇಲಾಖೆಯ ಸೂಕ್ಷ್ಮ ತಕ್ಕಡಿ ಇರುತ್ತದೆ, ಪಕ್ಕದಲ್ಲಿ ನಿಂತು ಉಸಿರು ಬಿಟ್ಟರೂ ಅದಕ್ಕೆ ಸಿಟ್ಟು. ಸ್ವಂತ ಕೆಲಸಕ್ಕೆ ಅವಳು ಅದನ್ನು ಬಳಸುತ್ತಿದ್ದದ್ದು ಇಡೀ ನೌಕರಿಯಲ್ಲಿ ಎರಡನೆಯ ಸಲ. ಮೊದಲನೆಯ ಸಲ ಹತ್ತೊಂಬತ್ತು ವರ್ಷದ ಹಿಂದೆ, ಹೊಸ ಗಂಡ ಹೊಸ ಕೀಗಳೆರಡನ್ನೂ ಹಿಡಿದುಕೊಂಡು ಕಚೇರಿಗೇ ಬಂದುಬಿಟ್ಟಿದ್ದ. "ತೂಕ ಹಾಕು. ಕೂದಲೆಳೆಯಷ್ಟು ವ್ಯತ್ಯಾಸ ಇದ್ರೆ ಈ ಕಸುಬೇ ಬಿಡ್ತೀನಿ." ಇಬ್ಬರೂ ಉಸಿರು ಬಿಗಿಹಿಡಿದು ನಿಂತು ನೋಡಿದ್ದರು. ಎರಡೂ ಹದಿನೆಂಟು ಗ್ರಾಂ ನಲವತ್ತೆರಡು. ಅವಳು ನಕ್ಕುಬಿಟ್ಟಿದ್ದಳು, ತಕ್ಕಡಿ ಅಲುಗಾಡಿತ್ತು, ಮೇಲಧಿಕಾರಿ ಬಂದು ಗದರಿಸಿದ್ದ. ಆ ಅಂಕಿ ಅವಳ ಹಳೆಯ ಡೈರಿಯಲ್ಲಿ ಇನ್ನೂ ಇತ್ತು.

ಈಗ ಚಿಮಟದಿಂದ ತನ್ನ ಕೀ ಎತ್ತಿಟ್ಟಳು. ಅಂಕಿಗಳು ತಡವರಿಸಿ ನಿಂತವು: ಹದಿನೆಂಟು ಗ್ರಾಂ ಹದಿನೇಳು. ಹತ್ತೊಂಬತ್ತು ವರ್ಷ ದಿನಕ್ಕೆ ಹತ್ತು ಸಲ ತಿರುಗಿದ ಹಿತ್ತಾಳೆ ಸವೆಯದೆ ಇರುತ್ತದೆಯೇ? ಅವಳ ಕೀಯ ಹಲ್ಲುಗಳು ಮುದುಕಿಯ ಹಲ್ಲಿನಂತೆ ಮೊಂಡಾಗಿದ್ದವು. ಆಮೇಲೆ ಅವನು ಕೊಟ್ಟ ಕೀ ಇಟ್ಟಳು. ಹದಿನೆಂಟು ನಲವತ್ತೊಂದು. ಭೂತಗನ್ನಡಿಯಲ್ಲಿ ನೋಡಿದಳು, ಹಲ್ಲುಗಳು ಚೂಪಾಗಿ, ಅಂಚು ಅಂಚಾಗಿ ಇದ್ದವು. ಹಳೆಯ ಕೀ ಎಂದು ಕೊಟ್ಟದ್ದು ಹೊಚ್ಚ ಹೊಸದು! ಹೊರಮೈಗೆ ಏನೋ ಬಳಿದು ಕಪ್ಪು ಮಾಡಿದ್ದಾನೆ. ನಿಜವಾದದ್ದು ಅವನ ಹತ್ತಿರವೇ ಇದೆ, ಅದನ್ನು ನೋಡಿಕೊಂಡೇ ಮಂಗಳವಾರ ಇನ್ನೊಂದು ಉಜ್ಜುತ್ತಿದ್ದ.

ಅವಳು ಇಲಾಖೆಯ ನಮೂನೆಯಲ್ಲೇ ವರದಿ ಬರೆದಳು, ಮೂರು ಪ್ರತಿ ತೆಗೆದಳು, ಅಭ್ಯಾಸಬಲದಿಂದ ಮೊಹರನ್ನೂ ಒತ್ತಿದಳು. ಅದರ ಕೆಳಗೆ ಇನ್ನೊಂದು ಹಾಳೆ ಸೇರಿಸಿದಳು, ತನ್ನ ಒಪ್ಪಿಗೆ ವಾಪಸು ಪಡೆಯುವ ಅರ್ಜಿ.

ಸಂಜೆ ಊಟದ ಮೇಜಿನ ಮೇಲೆ ಬಿದ್ದಿದ್ದ ಆ ಅರ್ಜಿಯನ್ನು ಮಗಳು ಓದಿದಳು.

"ಅಂದ್ರೆ ನನ್ನನ್ನ ಕೇಳ್ತಾರಾ?"

"ಪುಟ್ಟಿ, ಮೋಸ ಮಾಡಿದಾರೆ ಅವರು. ಕಣ್ಣಾರೆ ನೋಡಿದೀನಿ, ತೂಕ ಹಾಕಿದೀನಿ. ಸುಮ್ನೆ ಹೇಗಿರ್ಲಿ?"

ಮಗಳು ಅರ್ಧ ಉಳಿದಿದ್ದ ತಟ್ಟೆಯನ್ನು ಎತ್ತಿಕೊಂಡು ಹೋಗಿ ತೊಳೆದಿಟ್ಟಳು. ಆದರೂ ತೂಕದಮ್ಮ ಹಾಳೆಯನ್ನು ಫೈಲಿನೊಳಗೆ ಇಟ್ಟಳು.

ನಾಲ್ಕನೆಯ ಸಲ ಕೂತಾಗ ಅವಳು ಕುರ್ಚಿ ಎಳೆದುಕೊಳ್ಳುವ ಮೊದಲೇ ವರದಿಯನ್ನು ಮೇಜಿನ ಮೇಲಿಟ್ಟಳು. ಎರಡು ಕೀಗಳನ್ನೂ ಪಕ್ಕಪಕ್ಕದಲ್ಲಿಟ್ಟಳು. ಅಂದಿನ ತೂಕ ಇಷ್ಟು, ಇಂದಿನ ತೂಕ ಇಷ್ಟು, ನನ್ನದು ಸವೆದದ್ದು ಕಾಲು ಗ್ರಾಂ, ಇವರದ್ದು ಸವೆದೇ ಇಲ್ಲ, ಆದ್ದರಿಂದ ಇದು ನಕಲು, ಮೊನ್ನೆ ಮಂಗಳವಾರ ಇಂಥದ್ದೇ ಕೀ ಉಜ್ಜುತ್ತಿದ್ದುದನ್ನು ನಾನೇ ನೋಡಿದೆ. ಒಂದೇ ಉಸಿರಿಗೆ ಹೇಳಿ ಮುಗಿಸಿದಳು. ಎಷ್ಟೋ ಅಂಗಡಿಯವರು ಈ ಧ್ವನಿಗೆ ಬೆವತದ್ದುಂಟು.

ಗಂಡ ಬೆವರಲಿಲ್ಲ. ಅವಳ ಸವೆದ ಕೀಯನ್ನು ಕೈಗೆತ್ತಿಕೊಂಡು ಹೆಬ್ಬೆರಳಿನಿಂದ ಹಲ್ಲುಗಳನ್ನು ಸವರುತ್ತ ಕೂತ. ಅವನ ಈ ಸುಮ್ಮನಿರುವಿಕೆಗೆ ಅವಳು ಹತ್ತೊಂಬತ್ತು ವರ್ಷ ತಲೆ ಚಚ್ಚಿಕೊಂಡಿದ್ದಳು.

"ನೋಡಿ, ಮಾತೇ ಇಲ್ಲ," ಅಂದಳು. "ನನ್ನ ಒಪ್ಪಿಗೆ ನಾನು ವಾಪಸ್ ತಗೋತೀನಿ." ಕೈ ಫೈಲಿಗೆ ಹೋಯಿತು.

"ಒಂದು ನಿಮಿಷ ಇರಮ್ಮ." ಸಂಧಾನಗಾರ್ತಿ ಕನ್ನಡಕ ಏರಿಸಿಕೊಂಡು ನೋಟ್‌ಬುಕ್ಕನ್ನು ಹಿಂದಕ್ಕೆ ಮಗುಚತೊಡಗಿದಳು. "ತೂಕದ ವಿದ್ಯೆ ನನಗೆ ಬರಲ್ಲ. ಆದ್ರೆ ನಲವತ್ತು ವರ್ಷ ಪಾಠ ಹೇಳಿದವಳು. ಒಂದು ಕೀ ಸವೆದಿಲ್ಲ ಅಂದ್ರೆ ಅದಕ್ಕೆ ಕಾರಣ ಒಂದೇನಾ?" ಮೊದಲ ದಿನದ ಪುಟ ಸಿಕ್ಕಿತು. ಬೆರಳಿಟ್ಟು ಓದಿದಳು, ಮಕ್ಕಳಿಗೆ ಉಕ್ತಲೇಖನ ಹೇಳುವವಳ ಹಾಗೆ, ಬಿಡಿಬಿಡಿಯಾಗಿ. "ಆರನೇ ದೂರು. ಹೆಂಡತಿ ಹೇಳಿದ್ದು. 'ಚೀಲದಲ್ಲಿ ಕೀ ಇಟ್ಕೊಂಡು ದಿನಾ ಬೆಲ್ ಹೊಡೀತಾರೆ. ಸೋಪಿನ ಕೈಲಿ ನಾನೇ ಓಡಿ ಬಂದು ತೆಗೀಬೇಕು. ಹತ್ತೊಂಬತ್ತು ವರ್ಷದಲ್ಲಿ ಒಂದು ದಿನ, ಒಂದೇ ಒಂದು ದಿನ, ಬರೋಕಾಗ್ಲಿ ಹೋಗೋಕಾಗ್ಲಿ ತಮ್ಮ ಕೀ ಚೀಲದಿಂದ ಹೊರಗೆ ತೆಗೆದೋರಲ್ಲ.'"

ಓದಿ, ಪುಟವನ್ನು ತೂಕದಮ್ಮನ ಕಡೆ ತಿರುಗಿಸಿಟ್ಟಳು.

ತೂಕದಮ್ಮನ ಕಿವಿ ಬಿಸಿಯಾಯಿತು. ಅವಳದೇ ಮಾತು, ಅಕ್ಷರಕ್ಕೆ ಅಕ್ಷರ. ಬಳಸದ ಕೀ ಸವೆಯುವುದು ಹೇಗೆ? ಶಾಲೆಯ ಮಗುವಿಗೂ ತಿಳಿಯುವ ಸಂಗತಿ. ಊರಿನ ತಕ್ಕಡಿಗಳನ್ನೆಲ್ಲ ಬುಡಮೇಲು ಮಾಡಿದವಳಿಗೆ ತನ್ನ ತಕ್ಕಡಿಯ ಅಡಿಗೆ ಏನು ಅಂಟಿದೆ ಎಂದು ನೋಡಲು ತೋಚಿರಲಿಲ್ಲ. ಅವಳಿಗೆ ನಾಚಿಕೆಯಾಯಿತು, ಎದ್ದು ಓಡಿಹೋಗುವಷ್ಟು ನಾಚಿಕೆ.

"ಮತ್ತೆ ಮೊನ್ನೆ ಮಾಡ್ತಿದ್ದ ಕೀ?" ಎಂದು ಕೇಳಿದಳು. ಸೋತ ಮೇಲೂ ಕೇಳದೆ ಇರಲಾಗಲಿಲ್ಲ.

"ಹೊಸ ಬೀಗದ್ದು. ನಿನ್ನ ಬಾಗಿಲಿಗೆ ಅಂತ ಮಾಡ್ತಿರೋದು." ಅವನು ಅವಳ ಕೀಯನ್ನು ಮೇಜಿನ ಮೇಲಿಟ್ಟ. "ಈ ಕೀ ಇಷ್ಟು ಸವೆದಿದೆ ಅಂದ್ರೆ ಒಳಗಿನ ಪದರಗಳು ಎಷ್ಟು ಸವೆದಿರ್ಬೇಕು ಹೇಳು. ನೀನು ಬಂದು ತೆಗೆಯೋವಾಗ ಹೊರಗೆ ನಿಂತು ದಿನಾ ಕೇಳ್ತಿದ್ನಲ್ಲ, ಸದ್ದಲ್ಲೇ ಗೊತ್ತಾಗ್ತಿತ್ತು. ಒಂದಿನ ಕಚ್ಕೊಂಡ್ಬಿಟ್ರೆ ಒಳಗಿಂದಾನೂ ತೆಗೆಯಕ್ಕಾಗಲ್ಲ. ಒಳಗೆ ಪುಟ್ಟಿ ಇರ್ತಾಳೆ. ನನ್ನ ಕೈಲೂ ತೆಗೆಯಕ್ಕಾಗದ ಬೀಗ ಅದು."

"ಅದನ್ನ ಹೇಳ್ಬಾರದಿತ್ತಾ?"

"ಹೇಳಿದ್ರೆ ನಂಬ್ತಿದ್ಯಾ?"

ಅವಳು ನಂಬುತ್ತಿರಲಿಲ್ಲ. ಹೆದರಿಸಿ ಬೀಗ ಕಿತ್ತುಕೊಂಡು ಹೋಗುವ ಉಪಾಯ ಅನ್ನುತ್ತಿದ್ದಳು. ಸುಳ್ಳು ಹೇಳುವ ಅಭ್ಯಾಸ ಅವಳಿಗಿರಲಿಲ್ಲ.

"ಇಲ್ಲ," ಅಂದಳು. ಆಮೇಲೆ, ಸಂಧಾನಗಾರ್ತಿ ಇದ್ದಾಳೆ ಅನ್ನುವುದನ್ನೂ ಮರೆತು, "ಅಲ್ಲಾ ರೀ, ಕೀ ಇಟ್ಕೊಂಡು ಬೆಲ್ ಯಾಕೆ ಹೊಡೀತಿದ್ರಿ?"

"ದಿನಾ ಹತ್ತು ಮನೆ ಬಾಗಿಲು ತೆಗೀತೀನಿ. ಒಳಗೆ ಒಂದು ನರಪಿಳ್ಳೆ ಇರಲ್ಲ. ಅದಕ್ಕೇ ನನ್ನನ್ನ ಕರೆಯೋದು." ಅವನು ಸಂಕೋಚದಿಂದ ಕತ್ತು ತುರಿಸಿಕೊಂಡ. "ಸಂಜೆ ನಮ್ಮನೆಗೆ ಬಂದಾಗ ಒಳಗಿಂದ ಯಾರಾದ್ರೂ ಬಂದು ತೆಗೀಲಿ ಅನ್ಸೋದು. ನೀನು ಬೈಕೊಂಡು ಬರ್ತಿದ್ದೆ. ಬೈಕೊಂಡಾದ್ರೂ ಬರ್ತಿದ್ದೆ."

ಸಂಧಾನಗಾರ್ತಿ ಪೆನ್ಸಿಲು ಕೆಳಗಿಟ್ಟಳು. ಅವಳ ಮುಖದಲ್ಲಿ ಆಸೆ ಕಾಣಿಸಿಕೊಂಡಿತು. "ಹಾಗಾದ್ರೆ, ಸಹಿ ಹಾಕೋ ಮುಂಚೆ ಇಬ್ರೂ ಇನ್ನೊಂದ್ಸಲ..."

ತೂಕದಮ್ಮ ತಲೆಯೆತ್ತಿ ಗಂಡನನ್ನು ನೋಡಿದಳು. ಆ ಕ್ಷಣ ಅವನು ಹೂಂ ಅಂದಿದ್ದರೆ ಅವಳೂ ಹೂಂ ಅನ್ನುತ್ತಿದ್ದಳು. ಎಲ್ಲದಕ್ಕೂ ಆಗಲಿ ಅಂದವನಲ್ಲವೇ, ಇದಕ್ಕೂ ಅನ್ನುತ್ತಾನೆ ಎಂದುಕೊಂಡಳು.

"ಬೇಡ," ಅಂದ ಅವನು. ಧ್ವನಿಯಲ್ಲಿ ಸಿಟ್ಟಿರಲಿಲ್ಲ. "ಇವತ್ತು ಕೀ ತೂಗಿದ್ಲು. ನಾಳೆ ಇನ್ನೊಂದು ತೂಗ್ತಾಳೆ. ಪ್ರತಿ ಸಲ ನಿಮ್ಮ ನೋಟ್‌ಬುಕ್ಕು ಎಲ್ಲಿ ಸಿಗುತ್ತೆ ನನಗೆ? ಸಾಕಾಗಿದೆ ಮೇಡಂ."

ಅವಳಿಗೆ ಅಳು ಬಂತು. ಮೇಜಿನ ಮೇಲಿದ್ದ ಡಬ್ಬಿಯ ಕಾಗದ ಮುಟ್ಟಲಿಲ್ಲ, ಸೆರಗಿನಲ್ಲೇ ಮೂಗೊರೆಸಿಕೊಂಡಳು. ಫೈಲಿನೊಳಗಿನ ಅರ್ಜಿಯನ್ನು ತೆಗೆದು ನಾಲ್ಕಾಗಿ ಹರಿದಳು. ಮಗಳನ್ನು ಯಾರೂ ಏನೂ ಕೇಳುವಂತಿಲ್ಲ. ಅಷ್ಟಾದರೂ ಅವಳ ಕೈಯಲ್ಲಿತ್ತು. ಒಪ್ಪಂದದ ಪಟ್ಟಿಯ ಕೊನೆಗೆ ಸಂಧಾನಗಾರ್ತಿ ಬರೆದಳು, 'ಮುಂಬಾಗಿಲ ಬೀಗ: ಗಂಡನಿಗೆ.' ಇಬ್ಬರೂ ಸಹಿ ಹಾಕಿದರು.

ಭಾನುವಾರ ಬೆಳಿಗ್ಗೆ ಅವನು ಬಂದು ಹಳೆಯ ಬೀಗ ಬಿಚ್ಚಿ, ಹೊಸದು ಕೂರಿಸಿದ. ಅರ್ಧ ಗಂಟೆಯ ಕೆಲಸ. ಬಾಗಿಲಲ್ಲಿ ಹಳೆಯ ಬೀಗದ ಗುರುತು ಇಷ್ಟಗಲ ಉಳಿದಿತ್ತು, ಅದಕ್ಕೂ ಮರದ ಚೂರು ಸೇರಿಸಿ ಉಜ್ಜಿಕೊಟ್ಟ. ಆಮೇಲೆ ಮೂರು ಕೀ ಕೊಟ್ಟ. ಮೂರೇನಾ, ನಾಲ್ಕನೆಯದು ಇಲ್ಲವಾ ಎಂಬ ಮಾತು ಅವಳ ನಾಲಿಗೆಯ ತುದಿಗೆ ಬಂದಿತ್ತು, ಹಲ್ಲು ಕಚ್ಚಿ ನುಂಗಿಕೊಂಡಳು. ಒಂದನ್ನು ತಾನಿಟ್ಟುಕೊಂಡಳು, ಒಂದನ್ನು ಮಗಳಿಗೆ ಕೊಟ್ಟಳು. ಹದಿನೈದು ವರ್ಷದಲ್ಲಿ ಆ ಹುಡುಗಿಯ ಕೈಗೆ ಮನೆಯ ಕೀ ಬಂದದ್ದು ಅದೇ ಮೊದಲು, ಯಾರೋ ಏನೋ ಎಂದು ಬಾಗಿಲು ತೆಗೆಯಲು ಅಮ್ಮ ಯಾವತ್ತೂ ಬಿಟ್ಟಿರಲಿಲ್ಲ. ಮೂರನೆಯದನ್ನು ಅವನ ಕಡೆ ಚಾಚಿದಳು.

"ಇಟ್ಕೊಳ್ಳಿ."

ಅವನು ಚೀಲವನ್ನು ಸೊಂಟಕ್ಕೆ ಬಿಗಿದುಕೊಂಡ. "ಬೇಡ. ಬೆಲ್ ಇದ್ಯಲ್ಲ," ಎಂದು ಹಳೆಯ ಬೀಗವನ್ನು ಬಟ್ಟೆಯಲ್ಲಿ ಸುತ್ತಿಕೊಂಡು ಇಳಿದು ಹೋದ.

ಆರು ತಿಂಗಳು ತುಂಬಿದಾಗ ಎರಡನೆಯ ಹೇಳಿಕೆಗೆ ಹಿಡಿದದ್ದು ಐದೇ ನಿಮಿಷ. ನ್ಯಾಯಾಧೀಶರು ಕೇಳಿದರು, ಇಬ್ಬರೂ ಹೌದು ಅಂದರು.

ಆ ವಾರದ ಶನಿವಾರ, ಒಪ್ಪಂದದಂತೆ ಮಗಳು ಅಪ್ಪನ ಹತ್ತಿರ ಹೋಗುವ ಮೊದಲನೆಯ ಶನಿವಾರ, ಸಂಜೆ ಐದು ಗಂಟೆಗೆ ಅವಳು ಪಾತ್ರೆ ತೊಳೆಯುತ್ತಿದ್ದಳು. ಬೆಲ್ ಹೊಡೆಯಿತು. ಒಂದು ಸಲ ಉದ್ದಕ್ಕೆ, ಒಂದು ಸಲ ಚಿಕ್ಕದು, ಅವನು ಹೊಡೆಯುವ ರೀತಿಯೇ ಹಾಗೆ. "ಬಂದೆ, ಬಂದೆ, ಯಾಕಿಷ್ಟು ಅವಸರ" ಎಂದು ಗೊಣಗುತ್ತ ಅವಳು ಸೋಪಿನ ಕೈಯಲ್ಲೇ ಹಾಲಿಗೆ ಓಡಿಬಂದಳು.

ಮಗಳು ಬ್ಯಾಗು ಹೆಗಲಿಗೇರಿಸಿಕೊಂಡು ಆಗಲೇ ಬಾಗಿಲ ಹತ್ತಿರ ನಿಂತಿದ್ದಳು, ಕೈಯಲ್ಲಿ ಕೀ ಹಿಡಿದುಕೊಂಡು.

"ನೀನ್ಯಾಕೆ ಬಂದೆ ಅಮ್ಮ?" ಅಂದಳು. "ಅದು ನನಗೆ."

ಹೊಸ ಬೀಗ ಸದ್ದಿಲ್ಲದೆ ತೆರೆದುಕೊಂಡಿತು. ತೂಕದಮ್ಮ ಅಲ್ಲೇ ನಿಂತಳು, ಕೈಯಿಂದ ಸೋಪಿನ ನೀರು ನೆಲಕ್ಕೆ ತೊಟ್ಟಿಕ್ಕುತ್ತಿತ್ತು.